ಎರಡನೇ ಸುದ್ದಿಗೆ ಕಾದ ಮೇಷ್ಟ್ರು

ಹನುಮಂತರಾಯಪ್ಪ ಮೇಷ್ಟ್ರು ಟೀ ತರಿಸಿದರೆ ಅದು ಎರಡು ಸಲ ಬರುತ್ತಿತ್ತು. ಅಟೆಂಡರನ್ನು ಶಾಲೆಯ ಮುಂಬಾಗಿಲಿನಿಂದ ಹೋಟೆಲಿಗೆ ಕಳಿಸುವುದು, ಅವನು ಗೇಟು ದಾಟಿದ ಮೇಲೆ ಆಯಾಳನ್ನು ಸೈಕಲ್ ಸ್ಟ್ಯಾಂಡಿನ ಹಿಂದಿನ ಸಂದಿಯಿಂದ ಅದೇ ಹೋಟೆಲಿಗೆ ಕಳಿಸುವುದು. ಅವನು ಹೋದದ್ದು ಇವಳಿಗೆ ಗೊತ್ತಾಗಬಾರದು, ಇವಳು ಹೋದದ್ದು ಅವನಿಗೆ ಗೊತ್ತಾಗಬಾರದು. ಹೋಟೆಲಿನವನು ಮೊದಮೊದಲು ಎರಡೆರಡು ಸಲ ಟೀ ಕಳಿಸಿ ಬೈಸಿಕೊಂಡ. ಆಮೇಲೆ ಬುದ್ಧಿ ಕಲಿತು, ಎರಡನೆಯವರು ಬಂದು ಹೇಳುವ ತನಕ ಒಲೆಯ ಮೇಲೆ ಹಾಲೇ ಇಡದಾದ. ಹೀಗಾಗಿ ನಮ್ಮ ಸ್ಟಾಫ್ ರೂಮಿಗೆ ಬರುತ್ತಿದ್ದುದು ಕೊನೆಗೆ ಒಂದೇ ಟೀ, ಅದೂ ಬೆಲ್ ಹೊಡೆದ ಮೇಲೆ.

ಹಿಂದೂಪುರದ ಆ ಹೈಸ್ಕೂಲಿನಲ್ಲಿ ನಾನು ಕನ್ನಡ ಹೇಳುತ್ತಿದ್ದೆ, ಅವರು ಸೋಷಿಯಲ್. ನಮ್ಮದು ಆಂಧ್ರದ ಊರು, ಕನ್ನಡ ಮೀಡಿಯಮ್ಮಿನ ಮಕ್ಕಳು ವರ್ಷ ವರ್ಷಕ್ಕೆ ಕಡಿಮೆಯಾಗುತ್ತಿದ್ದರು. ಹಾಗಾಗಿ ಮಾತಾಡಲು ನಮಗೆ ಬೇಕಾದಷ್ಟು ಬಿಡುವಿತ್ತು. ಮೇಷ್ಟ್ರು ಉದ್ದ ಕಾಲಿನ, ತೆಳ್ಳನೆಯ ಮನುಷ್ಯ. ಬಿಳಿ ಷರಟು, ಜೇಬಿನಲ್ಲಿ ಸದಾ ಒಂದೆರಡು ಹುಣಿಸೆ ಬೀಜ. ಕೂತರೆ ಎರಡೂ ಬಾಗಿಲು ಕಾಣುವ ಹಾಗೆ ಕೂರಬೇಕು. ಅವರ ಜೊತೆ ನಾನು ನಕ್ಕಷ್ಟು ಇನ್ನಾರ ಜೊತೆಯೂ ನಕ್ಕಿಲ್ಲ. ಅವರ ಮೇಲೆ ನನಗೆ ಬಂದಷ್ಟು ಸಿಟ್ಟು ಇನ್ನಾರ ಮೇಲೂ ಬಂದಿಲ್ಲ. ಆ ಸಿಟ್ಟು ಈಗಲೂ ಇಳಿದಿಲ್ಲ ಎಂದು ಮೊದಲೇ ಹೇಳಿಬಿಡುವುದು ಒಳ್ಳೆಯದು.

ಅವರದು ಸೋಮಂದೇಪಲ್ಲಿ ಪಕ್ಕದ ಹಳ್ಳಿ. ಅಲ್ಲಿ ಅವರ ಮನೆಗೆ ಹರಿಕಾರರ ಮನೆ ಎಂದೇ ಹೆಸರು. ಹರಿಕಾರ ಎಂದರೆ ದಂಡಿನ ಸುದ್ದಿ ಹೊತ್ತು ಓಡುವವನು. ಪಾಳೇಗಾರರ ಕಾಲದಲ್ಲಿ ಈ ಸೀಮೆಯೆಲ್ಲ ಗಡಿಯೇ; ಬೆಳಿಗ್ಗೆ ಒಬ್ಬನ ಊರು, ಸಂಜೆ ಇನ್ನೊಬ್ಬನ ಊರು. ಗಡಿಯ ಠಾಣೆಯಿಂದ ಬೆಟ್ಟದ ಕೋಟೆಗೆ, ಕೋಟೆಯಿಂದ ಠಾಣೆಗೆ ಓಡಿ ಓಡಿ ಮೇಷ್ಟ್ರ ಮುತ್ತಾತಂದಿರ ಕಾಲು ಉದ್ದವಾದವಂತೆ. ಈಗ ಆ ಮನೆಯವರು ಶೇಂಗಾ ಬೆಳೆಯುತ್ತಾರೆ, ಕೂಲಿಗೂ ಹೋಗುತ್ತಾರೆ. ಓಡುವುದನ್ನು ಬಿಟ್ಟು ಎಷ್ಟೋ ತಲೆಮಾರಾಗಿದ್ದರೂ ಮೇಷ್ಟ್ರ ತಲೆಯೊಳಗೆ ಹರಿಕಾರ ಇನ್ನೂ ಓಡುತ್ತಲೇ ಇದ್ದ.

ಪಾಠದ ಪುಸ್ತಕದಲ್ಲಿ ಅದಕ್ಕೆ ಒಂದು ಸಾಲೂ ಇರಲಿಲ್ಲ. ಆದರೂ ವರ್ಷಕ್ಕೊಮ್ಮೆ ಆ ಪಾಠ ಆಗಲೇಬೇಕು. ಪಕ್ಕದ ಕ್ಲಾಸಿನಲ್ಲಿ ವ್ಯಾಕರಣ ಹೇಳುತ್ತಿದ್ದ ನಾನೂ ಸುಮ್ಮನಾಗಿ ಕಿವಿಗೊಡುತ್ತಿದ್ದೆ.

“ತಂತಿ ಇಲ್ಲ, ಫೋನಿಲ್ಲ. ಗಡೀಲಿ ದಂಡು ಬಂತು ಅನ್ನು. ಕ್ವಾಟೆಗೆ ಹೆಂಗ್ಲಾ ತಿಳೀಬೇಕು?”

“ಬೆಟ್ಟದ ಮ್ಯಾಲೆ ಬೆಂಕಿ ಹಾಕ್ತಾರೆ ಸಾರ್!”

“ಹಾಕ್ತಾರೆ. ಬೆಂಕಿಗೆ ಬರೋದು ಒಂದೇ ಮಾತು, ‘ಬಂದ್ರು’ ಅಂತ. ಎಷ್ಟು ಜನ, ಎಷ್ಟು ಕುದ್ರೆ, ಯಾವ ದಾರಿ, ಅದ್ಕೇನ್ ಗೊತ್ತು? ಕುರಿ ಕಾಯೋನು ಚಳಿಗೆ ನಾಲ್ಕು ಪುಳ್ಳೆ ಹಚ್ಕಂಡ್ರೂ ‘ಬಂದ್ರು’ ಅಂತೈತೆ.”

“ನಗಾರಿ ಬಡೀತಾರೆ ಸಾರ್!”

“ಗಾಳಿ ತಿರುಗ್ತು ಅಂದ್ರೆ ನಗಾರಿ ಕೇಳೋದು ಶತ್ರುಗೆ ಕಣ್ಲಾ. ಅದ್ಕೇ ಮನುಷ್ಯನೇ ಓಡ್ಬೇಕು.”

ಓಡುವವನು ಓಲೆಯನ್ನು ಎಲ್ಲಿಡುತ್ತಿದ್ದ? ಬುತ್ತಿಯ ರಾಗಿ ಮುದ್ದೆಯ ಒಳಗೆ. ಯಾರಾದರೂ ಹಿಡಿದರೆ ಅಲ್ಲೇ ಕೂತು ಊಟ ಮಾಡಿಬಿಡುವುದು. “ಮುದ್ದೇನ ಯಾರಾನಾ ಅಗೀತಾರಾ? ನುಂಗೋದೇ. ಓಲೆ ನುಂಗಿದ್ನೋ ಮುದ್ದೆ ನುಂಗಿದ್ನೋ ಅವನಪ್ಪನಿಗೂ ಗೊತ್ತಾಗಾಕಿಲ್ಲ,” ಎಂದು ಮೇಷ್ಟ್ರು ಗುಟುಕ್ಕನೆ ನುಂಗಿ ತೋರಿಸಿದರೆ ಚಿಲಮತ್ತೂರು ಕಡೆಯ ಹುಡುಗರು ಬೆಂಚು ಬಡಿದು ನಗುತ್ತಿದ್ದರು. ಅನ್ನ ತಿನ್ನುವ ಸೀಮೆಯವರು ಅದಕ್ಕೇ ಯುದ್ಧ ಸೋತರು ಎಂಬುದು ಮೇಷ್ಟ್ರ ಇನ್ನೊಂದು ಸಂಶೋಧನೆ.

ನಗು ಮುಗಿದ ಮೇಲೆ ಆ ಕಥೆ ಬರುತ್ತಿತ್ತು. ಒಂದು ಕೋಟೆ, ಹೊರಗೆ ಶತ್ರುವಿನ ದಂಡು. ಒಂದು ದಿನ ಒಬ್ಬ ಹರಿಕಾರ ಓಡಿ ಬಂದು, ದಂಡು ಹಿಂದಕ್ಕೆ ಹೋಯಿತು, ದಿಡ್ಡಿ ಬಾಗಿಲು ತೆಗೀರಿ, ನೀರಿಗೆ ಹೋಗಬಹುದು ಎಂದ. ಬಾಯಾರಿ ಸಾಯುತ್ತಿದ್ದ ಜನ ನಂಬಿದರು. ಬಾಗಿಲು ತೆಗೆದರು. ಅವನು ಶತ್ರುವಿನ ಉಪ್ಪು ತಿಂದಿದ್ದ. ಆ ಕೋಟೆಯೊಳಗೆ ಒಬ್ಬರೂ ಉಳಿಯಲಿಲ್ಲ. ಅಂದಿನಿಂದ ಹರಿಕಾರರ ಮನೆಯಲ್ಲಿ ಒಂದು ಕಟ್ಟು: ಒಂದೇ ಸುದ್ದಿಯನ್ನು ಇಬ್ಬರು, ಎರಡು ದಾರಿಯಲ್ಲಿ ತರಬೇಕು, ಒಬ್ಬನಿಗೊಬ್ಬ ಕಾಣಬಾರದು, ಎರಡನೆಯವನು ಬರುವ ತನಕ ಮೊದಲನೆಯವನ ಮಾತಿನ ಮೇಲೆ ಕಡ್ಡಿಯನ್ನೂ ಅಲ್ಲಾಡಿಸಬಾರದು.

“ಒಂದು ಮಾತು ಗಾಳಿ, ಎರಡು ಮಾತು ಸುದ್ದಿ,” ಎಂದು ಮೇಷ್ಟ್ರು ಬೋರ್ಡಿನ ಮೇಲೆ ಬರೆಯುತ್ತಿದ್ದರು.

“ಮೂರನೇ ಮಾತು ಬಂದ್ರೆ ಸಾರ್?”

“ಅದು ಸಂತೆ. ಕೂತ್ಕಳಲಾ.”

ಆ ಕೋಟೆ ಯಾವುದು ಎಂದು ನಾನು ಕೇಳಿದ್ದೆ. ಒಂದು ವರ್ಷ ಪೆನುಕೊಂಡ ಎಂದರು. ಇನ್ನೊಂದು ವರ್ಷ ರತ್ನಗಿರಿ. ಮಗದೊಂದು ವರ್ಷ ಪಾವಗಡ. “ಏನ್ ಸಾರ್, ನಿಮ್ಮ ಕೋಟೆ ವರ್ಷಕ್ಕೊಂದು ಬೆಟ್ಟ ಹತ್ತುತ್ತಲ್ಲ?” ಎಂದರೆ, “ಕ್ವಾಟೆ ಯಾವುದಾದ್ರೇನ್ ಮೇಡಂ, ಬಾಕ್ಲು ತೆಗ್ದಿದ್ದು ನಿಜ ತಾನೇ,” ಎನ್ನುತ್ತಿದ್ದರು. ನನಗೆ ನಗು ಬರುತ್ತಿತ್ತು. ಯಾವ ಬೆಟ್ಟದ ಮೇಲೂ ನಿಲ್ಲದ ಆ ಕೋಟೆ ಮುಂದೆ ಒಂದು ಮನೆಯ ಮೇಲೆ ಬಂದು ಬೀಳುತ್ತದೆ ಎಂದು ಯಾರಿಗೆ ಗೊತ್ತಿತ್ತು?

ಜೇಬಿನ ಹುಣಿಸೆ ಬೀಜದ ವಿಷಯ ಹೇಳಬೇಕು. ಚೌಕಾಬಾರ ಆಡಲು ಬೀಜದ ಒಂದು ಮಗ್ಗುಲನ್ನು ಕಲ್ಲಿಗೆ ಉಜ್ಜಿ ಬೆಳ್ಳಗೆ ಮಾಡುತ್ತಾರಲ್ಲ, ಅಂಥ ಬೀಜ. ಹರಿಕಾರರ ಮನೆಯಲ್ಲಿ ಸುದ್ದಿ ಒಯ್ಯುವವನ ಕೈಗೆ ಒಂದು ಮಗ್ಗುಲು ಉಜ್ಜಿದ ಬೀಜ ಕೊಡುತ್ತಿದ್ದರು. ಸುದ್ದಿ ಕೇಳಿದವರು ಅದರ ಇನ್ನೊಂದು ಮಗ್ಗುಲನ್ನೂ ಉಜ್ಜಿ ವಾಪಸು ಕಳಿಸಬೇಕು. ಎರಡೂ ಕಡೆ ಬೆಳ್ಳಗಾಗಿ ಬಂತೆಂದರೆ ಸುದ್ದಿ ಮುಟ್ಟಿತು. ಇದಕ್ಕೆ ಮರುಗುರುತು ಎಂದು ಹೆಸರು. ಎರಡೂ ಕಡೆ ಬೆಳ್ಳಗಾದ ಬೀಜ ಆಟಕ್ಕೆ ಬರುವುದಿಲ್ಲ, ಎಸೆಯುವುದೇ. ಮೇಷ್ಟ್ರು ಎಸೆಯುತ್ತಿರಲಿಲ್ಲ, ಒಂದು ಹಾರ್ಲಿಕ್ಸ್ ಬಾಟಲಿಯಲ್ಲಿ ಹಾಕಿಡುತ್ತಿದ್ದರು. ಮುಟ್ಟಿದ ಸುದ್ದಿಗಳ ಬಾಟಲಿ ಅದು.

ಈ ಕಟ್ಟನ್ನೆಲ್ಲ ನಗದೆ ಒಪ್ಪಿಕೊಂಡಿದ್ದವಳು ಒಬ್ಬಳೇ, ಅವರ ಮಗಳು ಸರೋಜ. ಹೆಂಡತಿ ಬೇಗ ತೀರಿಕೊಂಡಿದ್ದರು. ಮಾರ್ಕೆಟ್ಟಿನ ಹಿಂದಿನ ಬಾಡಿಗೆ ಮನೆಯಲ್ಲಿ ಅಪ್ಪ ಮಗಳು ಇಬ್ಬರೇ. ನಾನು ಹೋದಾಗಲೆಲ್ಲ ಚೌಕಾಬಾರದ ಮನೆ ಬರೆದುಕೊಂಡು ಜಗಳಾಡುತ್ತಾ ಕೂತಿರುತ್ತಿದ್ದರು. “ನೋಡಿ ಮೇಡಂ, ಈ ಮನುಷ್ಯ ಒಂದ್ಸಲ ಗರ ಹಾಕಿದ್ರೆ ನಂಬಾಕಿಲ್ವಂತೆ, ಎರಡ್ನೇ ಸಲ ಹಾಕು ಅಂತದೆ,” ಎಂದು ಸರೋಜ ದೂರು ಹೇಳುತ್ತಿದ್ದಳು. ಮೇಷ್ಟ್ರು ಹಲ್ಲು ಕಿರಿಯುತ್ತಿದ್ದರು. ಅವರ ಇಡೀ ಪ್ರಪಂಚ ಆ ಬಳಪದ ಗೆರೆಯ ಮನೆಯೊಳಗೇ ಇತ್ತು.

ಎರಡು ಸಾವಿರದ ಇಸವಿಯ ಆಚೀಚೆ ಸರೋಜಳನ್ನು ಕಲ್ಯಾಣದುರ್ಗಕ್ಕೆ ಕೊಟ್ಟರು. ಬಟ್ಟೆ ಅಂಗಡಿಯವರು, ಅಣ್ಣತಮ್ಮಂದಿರ ಒಟ್ಟು ಮನೆ. ಮದುವೆಯಾದ ಹೊಸತರಲ್ಲಿ ಯಾರೋ ಒಬ್ಬ ಬಸ್ಸಿನಲ್ಲಿ ಬಂದವನು, ನಿಮ್ಮ ಮಗಳಿಗೆ ತುಂಬ ಸೀರಿಯಸ್ಸಂತೆ ಎಂದುಬಿಟ್ಟ. ಮಗಳ ವಿಷಯ ನೋಡಿ, ಮೇಷ್ಟ್ರ ಕಟ್ಟು ಗಿಟ್ಟು ಎಲ್ಲ ಹಾರಿಹೋಯಿತು. ಅತ್ತುಕೊಂಡು, ಜೀಪು ಮಾಡಿಕೊಂಡು, ನೆಂಟರನ್ನು ತುಂಬಿಕೊಂಡು ಹೋದರು. ನೋಡಿದರೆ ಸರೋಜ ಒಗೆಯುವ ಕಲ್ಲಿನ ಮುಂದೆ ನಿಂತು ಬಟ್ಟೆ ಒಗೆಯುತ್ತಿದ್ದಳು. ಒಂದು ದಿನ ಜ್ವರ ಬಂದು ಬಿಟ್ಟಿತ್ತು, ಅಷ್ಟೆ. ಬೀಗರು ಬಾಗಿಲಲ್ಲೇ, “ಏನ್ರೀ, ಹೆಣ ನೋಡಾಕೆ ಬಂದ್ರಾ ಜೀಪ್ ಕಟ್ಕಂಡು?” ಎಂದು ಕೇಳಿದರು. ಓಣಿಯವರೆಲ್ಲ ನಕ್ಕರು. ವಾಪಸು ಬಂದ ಮೇಷ್ಟ್ರು ಒಂದು ವಾರ ಯಾರ ಮುಖವನ್ನೂ ನೋಡಲಿಲ್ಲ. “ಒಂದೇ ಮಾತಿಗೆ ಬಾಕ್ಲು ತೆಗ್ದ್ಬುಟ್ಟೆ ನೋಡಿ ಮೇಡಂ, ತಾತಂದಿರ ಮಾನ ಹೋಯ್ತು,” ಎಂದರು.

ಮುಂದಿನ ಸಲ ಮಗಳು ಬಂದಾಗ ಒಂದು ಹಿಡಿ ಬೀಜ ಉಜ್ಜಿ ಅವಳ ಸೆರಗಿಗೆ ಕಟ್ಟಿದರು. “ಏನೇ ಇರ್ಲಿ ಕಣಮ್ಮ, ಇಬ್ರ ಕೈಲಿ ಕಳ್ಸು. ಒಬ್ಬ ಪೆನುಕೊಂಡ ದಾರೀಲಿ ಬರ್ಲಿ, ಒಬ್ಬ ಪಾವಗಡದ ದಾರೀಲಿ ಬರ್ಲಿ. ಜೋಡಿ ಮುಟ್ಟಿದ್ ಗಳಿಗೇಲಿ ನಾನ್ ಅಲ್ಲಿರ್ತೀನಿ.” ಸರೋಜ ನಗದೆ ತಲೆಯಾಡಿಸಿದ್ದು ನನಗೆ ನೆನಪಿದೆ.

ಆಮೇಲೆ ಅವಳಿಗೆ ಹೆಣ್ಣು ಮಗುವಾಯಿತು. ತಾಯಿಯಿಲ್ಲದ ತವರು ಎಂದು ಬಾಣಂತನವನ್ನೂ ಕಲ್ಯಾಣದುರ್ಗದಲ್ಲೇ ಮಾಡಿದರು. ಮಗು ಬೋರಲು ಬೀಳುವ ಹೊತ್ತಿಗೆ ಒಂದು ಗುರುವಾರ ಮಧ್ಯಾಹ್ನ, ರೇಷ್ಮೆ ಗೂಡಿನ ಮಾರ್ಕೆಟ್ಟಿಗೆ ಬಂದಿದ್ದ ಒಬ್ಬ ಹೆಂಗಸು ನಮ್ಮ ಸ್ಟಾಫ್ ರೂಮಿನ ಬಾಗಿಲಿಗೆ ಬಂದಳು. ಸೀರೆಯ ತುಂಬ ಗೂಡಿನ ನೂಲು ಅಂಟಿತ್ತು. ಸೆರಗಿನ ಗಂಟು ಬಿಚ್ಚಿ ಒಂದು ಹುಣಿಸೆ ಬೀಜವನ್ನು ಮೇಷ್ಟ್ರ ಮೇಜಿನ ಮೇಲಿಟ್ಟಳು.

“ಸಾರ್, ಮೀ ಅಮ್ಮಾಯಿ ಚೆಪ್ಪಮಂದಿ, ನಿಮ್ ಮಗಳು ಹೇಳು ಅಂದ್ಲು. ಸೋಮವಾರದೊಳ್ಗೆ ನೀವು ಬರ್ಬೇಕಂತೆ. ಆಯಮ್ಮನ ಪಾಪೂನ ಸೋಮವಾರ ವಾರಗಿತ್ತಿ ಮಡ್ಲಿಗೆ ಹಾಕ್ಬುಡ್ತಾರಂತೆ. ನೀವ್ ಬಂದು ಬ್ಯಾಡ ಅಂದ್ರೆ ನಿಲ್ತದಂತೆ.”

ವಿಷಯ ಇಷ್ಟೇ. ಸರೋಜಳ ಗಂಡನ ಅಣ್ಣನಿಗೆ ಮಕ್ಕಳಿರಲಿಲ್ಲ. ಅವರು ಬಳ್ಳಾರಿಯಲ್ಲಿ ಹೊಸ ಅಂಗಡಿ ಇಡುವವರಿದ್ದರು. ಮನೆಯ ಹಿರಿಯರು ಸೇರಿ, ನಿನಗೆ ಇನ್ನೂ ಆಗುತ್ತವೆ, ಇದನ್ನು ಅವಳಿಗೆ ಕೊಡು ಎಂದು ತೀರ್ಮಾನ ಮಾಡಿದ್ದರು. ಸರೋಜಳನ್ನು ಕೇಳಿರಲಿಲ್ಲ. ಆದರೆ ಅವರ ಪೈಕಿ ಮಗುವನ್ನು ಮಡಿಲಿಗೆ ಹಾಕುವಾಗ ತವರಿನ ಹಿರಿಯರು ವೀಳ್ಯ ಹಿಡಿಯಬೇಕು. ತವರಿನವರು ಎದ್ದು ಬೇಡ ಎಂದರೆ ಶಾಸ್ತ್ರ ಅಲ್ಲಿಗೆ ನಿಂತಿತು. ಆ ಮನೆಯಲ್ಲಿ ಸರೋಜಳ ಮಾತಿಗೆ ಬೆಲೆ ಇರಲಿಲ್ಲ. ಅವಳ ಅಪ್ಪನ ಮಾತಿಗೆ ಇತ್ತು.

“ಇನ್ನೇನು ಸಾರ್, ಹೊರಡಿ,” ಎಂದೆ ನಾನು.

ಮೇಷ್ಟ್ರು ಬೀಜವನ್ನು ತಿರುಗಿಸಿ ನೋಡಿದರು. ಮುಖ ಬಿಳಿಚಿತ್ತು. ಆದರೂ ಕಿಟಕಿಯ ಕಟ್ಟೆಗೆ ಅದನ್ನು ಉಜ್ಜಿ, ಇನ್ನೊಂದು ಮಗ್ಗುಲನ್ನೂ ಬೆಳ್ಳಗೆ ಮಾಡಿ ಆ ಹೆಂಗಸಿನ ಕೈಗೆ ಕೊಟ್ಟರು. “ಮುಟ್ತು ಅಂತ ಹೇಳಮ್ಮ,” ಎಂದು ಕಳಿಸಿ ನನ್ನ ಕಡೆ ತಿರುಗಿದರು. “ಇನ್ನೊಂದು ಬರ್ಲಿ ಮೇಡಂ.”

“ಗುರುತಿನ ಬೀಜವೇ ಬಂದಿದೆಯಲ್ಲ ಸಾರ್!”

“ಬೀಜ ಯಾರ್ ಬೇಕಾದ್ರೂ ಕದೀಬೌದು. ಹೋದ್ಸಲ ಏನಾಯ್ತು? ಈ ಸಲಾನೂ ಹಂಗೇ ಆದ್ರೆ ನನ್ ಮಗಳು ಆ ಮನೇಲಿ ತಲೆ ಎತ್ತಂಗಿಲ್ಲ. ಅವ್ಳಿಗೆ ಗೊತ್ತು, ಇನ್ನೊಬ್ಬನ್ನ ಕಳ್ಸೇ ಇರ್ತಾಳೆ. ಬರ್ತಾನೆ.”

“ಅವರ ಅಂಗಡಿಗಾದರೂ ಫೋನ್ ಮಾಡಿ.”

“ಶತ್ರು ಕ್ವಾಟೆ ಬಾಕ್ಲು ತಟ್ಟಿ, ಸುದ್ದಿ ನಿಜಾನಾ ಸ್ವಾಮಿ ಅಂತ ಕೇಳಾದಾ?”

ಶುಕ್ರವಾರ ಅವರು ಪಾಠ ಮಾಡಲಿಲ್ಲ. ಎರಡೂ ಬಾಗಿಲು ನೋಡುತ್ತಾ ಕೂತಿದ್ದರು. ಶನಿವಾರ ಪಾವಗಡದ ಬಸ್ಸು ಬರುವ ಹೊತ್ತಿಗೆಲ್ಲ ಬಸ್ ಸ್ಟ್ಯಾಂಡಿಗೆ ಹೋಗಿ ನಿಂತರಂತೆ. ಭಾನುವಾರ ನಾನೇ ಅವರ ಮನೆಗೆ ಹೋಗಿ ಜಗಳವಾಡಿದೆ. ಅರ್ಧ ದಿನದ ದಾರಿ, ಹೋಗಿ ನೋಡಿಕೊಂಡು ಬಂದರೆ ನಿಮ್ಮ ಗಂಟೇನು ಹೋಗುತ್ತದೆ ಎಂದೆ. ಅವರಿಗೂ ಹೋಗಬೇಕೆಂದಿತ್ತು. ಚೀಲದಲ್ಲಿ ಪಂಚೆ, ಟವಲು ಇಟ್ಟುಕೊಂಡು ತಯಾರಾಗಿದ್ದರು. ಹೊಸಲು ದಾಟಲಿಲ್ಲ, ಅಷ್ಟೆ. ಕಾಲು ಉದ್ದವಿದ್ದು ಏನು ಬಂತು? ಆ ಚೀಲವನ್ನು ಕಿತ್ತು ಬೀದಿಗೆ ಎಸೆಯಬೇಕೆನಿಸಿತ್ತು ನನಗೆ.

ಎರಡನೆಯವನು ಮಂಗಳವಾರ ಬಂದ. ಹಳೇ ಬಟ್ಟೆಗೆ ಸ್ಟೀಲ್ ಪಾತ್ರೆ ಕೊಡುತ್ತಾ ಊರೂರು ತಿರುಗುವ ಓಬುಳೇಶ ಎಂಬುವನು. ಸರೋಜ ಬುಧವಾರವೇ ಅವನ ಕೈಗೆ ಬೀಜ ಕೊಟ್ಟು ಪಾವಗಡದ ದಾರಿಯಲ್ಲಿ ಕಳಿಸಿದ್ದಳು. ಅವನು ಮಡಕಶಿರಾದಲ್ಲಿ ಇಳಿದು, ಭಾವಮೈದುನನ ಮದುವೆಯಲ್ಲಿ ಸಿಕ್ಕಿಹಾಕಿಕೊಂಡಿದ್ದ. ತಲೆಯ ಮೇಲಿನ ಪಾತ್ರೆ ಬುಟ್ಟಿಯನ್ನೂ ಇಳಿಸದೆ ಅದೇ ಮಾತು ಹೇಳಿದ: ಸೋಮವಾರದೊಳಗೆ ಬರಬೇಕಂತೆ, ಪಾಪೂನ ಮಡಿಲಿಗೆ ಹಾಕುತ್ತಾರಂತೆ. ಆಮೇಲೆ ನಮ್ಮಿಬ್ಬರ ಮುಖ ನೋಡಿ, “ಮದ್ವೆ ಊಟ ಬುಟ್ಟು ಬರಾಕಾಗ್ಲಿಲ್ಲ ಸಾ. ಏಮಿ, ಲೇಟಾಯ್ತಾ?” ಎಂದು ಕೇಳಿದ. ಪಾಪ, ಅವನನ್ನು ಬೈದು ಏನು ಬಂತು.

ಮಾರನೆಯ ದಿನ ನಾನೂ ರಜೆ ಹಾಕಿ ಮೇಷ್ಟ್ರ ಜೊತೆ ಹೋದೆ. ಬಸ್ಸಿನುದ್ದಕ್ಕೂ ಅವರು, ತಡ ಮಾಡಿರುತ್ತಾರೆ ಮೇಡಂ, ನಾನಿಲ್ಲದೆ ವೀಳ್ಯ ಯಾರು ಹಿಡೀತಾರೆ, ಎನ್ನುತ್ತಿದ್ದರು. ಕಲ್ಯಾಣದುರ್ಗದ ಆ ಮನೆಯಲ್ಲಿ ಬಾಗಿಲ ತೋರಣ ಇನ್ನೂ ಪೂರ್ತಿ ಒಣಗಿರಲಿಲ್ಲ. ಬೀಗರು ಈ ಸಲ ಬಹಳ ಮರ್ಯಾದೆಯಿಂದ ಚಾಪೆ ಹಾಸಿ, ನೀರು ಕೊಟ್ಟರು.

“ನಾವ್ ಹೇಳಿ ಕಳ್ಸಾನ ಅನ್ನೋ ಹೊತ್ಗೆ, ಸುದ್ದಿ ನಿಮ್ಗೆ ಮುಟ್ಟೈತೆ ಅಂತ ಸರೋಜಮ್ಮನೇ ಅಂದ್ಲು. ಬೀಜ ತೋರ್ಸಿದ್ಲು, ಎರಡೂ ಕಡೆ ಉಜ್ಜಿದ್ದು. ಅಪ್ಪ ಬರ್ತದೆ ಅಂತ ಮೂರ್ತ ಮೀರೋಗಂಟ ಕಾದ್ವಿ. ಮುಟ್ಟಿಯೂ ನೀವ್ ಬರ್ಲಿಲ್ಲ. ಇನ್ನೇನು, ನಿಮ್ಗೂ ಒಪ್ಗೇನೇ ಅಂದ್ಕಂಡು ವೀಳ್ಯ ನಾವೇ ಹಿಡಿದ್ವಿ,” ಎಂದರು ಬೀಗರು. ಅವರ ಮಾತಿನಲ್ಲಿ ಮೋಸವಿರಲಿಲ್ಲ. ಮಗುವನ್ನು ಎತ್ತಿಕೊಂಡು ಬಳ್ಳಾರಿಯವರು ಸೋಮವಾರ ಸಂಜೆಯೇ ಹೊರಟುಹೋಗಿದ್ದರು.

ಸರೋಜ ಒಳಗಿನಿಂದ ಬಂದಳು. ರವಿಕೆಯ ಮುಂಭಾಗ ಹಾಲಿಗೆ ಒದ್ದೆಯಾಗಿತ್ತು. ಅಳುತ್ತಿರಲಿಲ್ಲ. ಗೋಡೆಗೆ ಒರಗಿ ನಿಂತು ಕೇಳಿದಳು:

“ಮೊದಲ್ನೇದು ಯಾವತ್ತು ಬಂತಪ್ಪಾ?”

“ಗುರುವಾರ.”

ಮೇಷ್ಟ್ರು ನೆಲ ನೋಡುತ್ತಾ ಹೇಳಿದರು: “ಎರಡ್ನೇದು ತಡ ಆಯ್ತು ಕಣಮ್ಮಾ.”

ಸರೋಜ ಒಳಗೆ ಹೋದಳು. ನಾವು ಹೊರಡುವ ತನಕ ಆಚೆ ಬರಲಿಲ್ಲ.

ವಾಪಸು ಬರುವ ಬಸ್ಸಿನಲ್ಲಿ ಪೆನುಕೊಂಡ ದಾಟಿದ ಮೇಲೆ ಮೇಷ್ಟ್ರು ಬಾಯಿ ಬಿಟ್ಟರು. “ಕಟ್ಟು ಸರಿಯಾಗೇ ಇತ್ತು ಮೇಡಂ. ಆಳು ಸರಿ ಇರ್ಲಿಲ್ಲ.” ನನಗೆ ಮೈಯೆಲ್ಲ ಉರಿದುಹೋಯಿತು. ಬಸ್ಸಿನ ಜನ ತಿರುಗಿ ನೋಡುವ ಹಾಗೆ ಕೂಗಿದೆ: “ಯಾವ ಕೋಟೆ ಸಾರ್ ನಿಮ್ಮದು? ಎಲ್ಲಿದೆ? ಬಾಗಿಲು ತೆಗೆದಿದ್ದರೆ ಯಾರು ಒಳಗೆ ನುಗ್ಗುತ್ತಿದ್ದರು? ನಿಮ್ಮ ಮಗಳೂ ಮೊಮ್ಮಗಳೂ ತಾನೇ?” ಅವತ್ತು ಆಡಿದ ಆ ಮಾತಿಗೆ ನನಗೆ ಎಂದೂ ಪಶ್ಚಾತ್ತಾಪವಾಗಿಲ್ಲ. ಇನ್ನೂ ಎರಡು ಮಾತು ಆಡಬೇಕಿತ್ತು.

ಅಂದಿನಿಂದ ಸರೋಜ ತವರಿಗೆ ಬರಲಿಲ್ಲ. ಮೇಷ್ಟ್ರು ಯುಗಾದಿಗೆ, ದಸರೆಗೆ, ಶಿವರಾತ್ರಿಗೆ ಬೀಜ ಉಜ್ಜಿ ಇಬ್ಬಿಬ್ಬರ ಕೈಯಲ್ಲಿ ಕಳಿಸುತ್ತಿದ್ದರು. ಬಾ ಕಣಮ್ಮ, ಒಂದ್ಸಲ ಬಂದು ಹೋಗು ಎಂದು. ಮರುಗುರುತು ಒಂದೂ ಬರಲಿಲ್ಲ. ಹಾರ್ಲಿಕ್ಸ್ ಬಾಟಲಿ ಇದ್ದಷ್ಟಕ್ಕೇ ನಿಂತಿತು. ಮೊಬೈಲು ಎಲ್ಲರ ಕೈಗೂ ಬಂದ ಮೇಲೆ ಅವರೂ ಒಂದು ಕೊಂಡರು. ಅವಳ ನಂಬರಿಗೆ ಒತ್ತುವುದು, ಅದು ರಿಂಗಾಗಿ ರಿಂಗಾಗಿ ನಿಲ್ಲುವುದು, “ಸದ್ದು ಅವಳ ಕಿವೀಗೆ ಬಿತ್ತೋ ಇಲ್ವೋ, ಈ ಡಬ್ಬಕ್ಕೇನ್ ಗೊತ್ತು?” ಎಂದು ಅದನ್ನು ಬೈಯುವುದು. ದಾರಿ ಸರಿಯಿಲ್ಲ, ಹೋಗುವ ಜನ ಸರಿಯಿಲ್ಲ, ಬೀಜವನ್ನು ಎಲ್ಲೋ ಬೀಳಿಸಿಕೊಂಡಿರುತ್ತಾರೆ, ಎನ್ನುವರು. ಸುದ್ದಿ ಮುಟ್ಟಿಲ್ಲ ಎಂದು ನಂಬಿಕೊಂಡು ಆ ಮನುಷ್ಯ ರಿಟೈರಾದರು, ಮುದುಕರಾದರು. ತಾವೇ ಬಸ್ಸು ಹತ್ತಿ ಹೋಗಬಹುದಿತ್ತು. ಹೋದರೆ ಬಾಗಿಲು ಹಾಕಿಕೊಂಡಾಳು ಎಂಬ ಹೆದರಿಕೆ. ಸುದ್ದಿ ಮುಟ್ಟಿಲ್ಲ ಎಂಬುದೇ ಅವರ ಉಸಿರಿನ ಆಧಾರವಾಗಿತ್ತು.

ಉಸಿರೂ ಕೊನೆಗೆ ಕೈಕೊಟ್ಟಿತು. ಆಸ್ಪತ್ರೆಯ ವಾರ್ಡಿನಲ್ಲಿ ದಿಂಬಿಗೆ ಒರಗಿ ಏದುಸಿರು ಬಿಡುತ್ತಿದ್ದರು. ನಾನು ನೋಡಲು ಹೋದಾಗ ದಿಂಬಿನ ಕೆಳಗಿನಿಂದ ಎರಡು ಬೀಜ ತೆಗೆದರು. “ಒಬ್ರು ಪೆನುಕೊಂಡ ದಾರೀಲಿ, ಒಬ್ರು ಪಾವಗಡದ…” ಎಂದು ಶುರು ಮಾಡಿದರು.

“ನಾನೊಬ್ಬಳೇ ಹೋಗ್ತೀನಿ,” ಎಂದೆ. “ನಾನು ಸುಳ್ಳು ಹೇಳೋಳಲ್ಲ ಅಂತ ಅವಳಿಗೆ ಗೊತ್ತು.”

ಸರೋಜ ಅಂಗಡಿಯಲ್ಲಿದ್ದಳು. ಮೈ ತುಂಬಿತ್ತು, ದನಿ ಗಟ್ಟಿಯಾಗಿತ್ತು. ಗಲ್ಲಾಪೆಟ್ಟಿಗೆಯ ಮುಂದೆ ಅವಳೇ ಕೂರುತ್ತಿದ್ದಳು. ಆಮೇಲೆ ಅವಳಿಗೆ ಮಕ್ಕಳಾಗಲಿಲ್ಲ ಎಂದು ಯಾರೋ ಹೇಳಿದ್ದರು. ಗಿರಾಕಿಗಳಿಲ್ಲದ ಹೊತ್ತು. ಕೆಲಸದ ಹೆಂಗಸಿನ ಜೊತೆ ಚೌಕಾಬಾರ ಆಡುತ್ತಿದ್ದಳು. ನನ್ನನ್ನು ಕಂಡು ಎದ್ದು ಬಂದು ಕೈ ಹಿಡಿದುಕೊಂಡಳು, ಮಜ್ಜಿಗೆ ತರಿಸಿದಳು. ಅಪ್ಪನ ವಿಷಯ ಹೇಳಿ ಬೀಜ ಕೊಟ್ಟೆ. ಅವಳು ಅದನ್ನು ನೋಡಿದಳು, ಆಮೇಲೆ ಆಟದ ಮನೆಯ ಕಡೆ ಕೈ ತೋರಿಸಿದಳು.

“ಅವೆಲ್ಲಾ ಅಪ್ಪ ಕಳ್ಸಿದ್ವೇ ಮೇಡಂ. ಒಂದೂ ತಪ್ಪಿಲ್ಲ. ಜೋಡಿ ಜೋಡಿಯಾಗೇ ಬಂದವೆ. ಡಬ್ಬೀಲಿ ಇನ್ನೂ ಅವೆ.”

ಗರ ಹಾಕುವ ಬೀಜಗಳು ಕಪ್ಪು ಮಗ್ಗುಲು, ಬಿಳಿ ಮಗ್ಗುಲು ಮೇಲಾಗಿ ಬಿದ್ದಿದ್ದವು. ಸರೋಜ ಬಾಗಿಲಿಗೆ ಹೋಗಿ, ಕೂತು, ಮೆಟ್ಟಿಲ ಕಲ್ಲಿಗೆ ಆ ಬೀಜವನ್ನು ನಿಧಾನವಾಗಿ ಉಜ್ಜಿದಳು. ಎರಡೂ ಮಗ್ಗುಲು ಬೆಳ್ಳಗಾದ ಮೇಲೆ ಸೆರಗಿನಲ್ಲಿ ಒರೆಸಿ ನನ್ನ ಕೈಗಿಟ್ಟಳು.

“ಮುಟ್ತು ಅಂತ ಹೇಳಿ.”

“ಬರಲ್ವೇನಮ್ಮ? ಬಹಳ ದಿನ ಇಲ್ಲ ಕಣೇ.”

“ಒಬ್ರೇ ಬಂದಿದೀರಲ್ಲ ಮೇಡಂ. ಇನ್ನೊಬ್ರು ಬರ್ಲಿ. ಬಂದ್ರೆ ಬತ್ತೀನಿ.”

ವ್ಯಂಗ್ಯಕ್ಕೆ ಹೇಳಿದಳೇ ಎಂದು ಮುಖ ನೋಡಿದೆ. ಇಲ್ಲ. ಅಪ್ಪನ ಮುಖವೇ ಅದು. ಅವಳನ್ನು ಬೈಯಲು ನನಗೆ ಮನಸ್ಸು ಬರಲಿಲ್ಲ.

ಸಂಜೆಗೆ ಆಸ್ಪತ್ರೆಗೆ ಹಿಂತಿರುಗಿದೆ. ಮೇಷ್ಟ್ರು ಅಂಗೈ ಚಾಚಿದರು. ಬೀಜ ಇಟ್ಟೆ. ಹೆಬ್ಬೆರಳಿನಿಂದ ಒಂದು ಮಗ್ಗುಲು ಸವರಿದರು, ತಿರುಗಿಸಿ ಇನ್ನೊಂದು ಮಗ್ಗುಲು ಸವರಿದರು.

“ಮುಟ್ತಾ?”

“ಮುಟ್ಟಿತು ಸಾರ್. ಹಿಂದಿನವೂ ಎಲ್ಲಾ ಮುಟ್ಟಿದ್ದವು.”

ಅದನ್ನು ಹೇಳದೆ ಇರಬಹುದಿತ್ತು. ಆದರೆ ಹೇಳಿದೆ, ಅವರು ಅಷ್ಟನ್ನಾದರೂ ತಿಳಿದುಕೊಂಡು ಹೋಗಬೇಕು ಎನಿಸಿತ್ತು. ಅವರ ಕಣ್ಣಂಚಿನಲ್ಲಿ ನೀರು ಇಳಿದು ಕಿವಿಯೊಳಗೆ ಹೋಯಿತು, ಒರೆಸಿಕೊಳ್ಳಲಿಲ್ಲ.

“ಏನಂದ್ಲು?”

“ಇನ್ನೊಬ್ಬರು ಬರ್ಲಿ ಅಂದಳು.”

“ಸರಿ ಮತ್ತೆ. ನಾನೇ ಹೇಳ್ಕೊಟ್ಟಿದ್ದು,” ಎಂದರು. ಉಸಿರು ಸಾಲದೆ ನಿಂತು, ಮತ್ತೆ ಕೇಳಿದರು: “ಪಾವಗಡದ ದಾರೀಲಿ ಯಾರ್ನ ಕಳ್ಸಾನ ಮೇಡಂ?”

ಬೆಳಿಗ್ಗೆ ಎದ್ದವಳೇ ಸಂತೆ ಬೀದಿಗೆ ಹೋಗಿ ಓಬುಳೇಶನನ್ನು ಹುಡುಕಿದೆ. ಅವನ ತಲೆಯೂ ನರೆತಿತ್ತು. ಹೇಳಿದ ತಕ್ಷಣ ಪಾತ್ರೆ ಬುಟ್ಟಿಯನ್ನು ಅಂಗಡಿಯೊಂದರ ಮುಂದೆ ಬಿಟ್ಟು, ಉಳಿದಿದ್ದ ಬೀಜ ತೆಗೆದುಕೊಂಡು ಬಸ್ಸು ಹತ್ತಿದ. ಈ ಸಲ ಅವನು ಎಲ್ಲೂ ಇಳಿಯಲಿಲ್ಲ. ಅವನ ಬಸ್ಸು ಮಡಕಶಿರಾ ದಾಟುವಷ್ಟರಲ್ಲಿ ಮೇಷ್ಟ್ರು ಹೋಗಿಬಿಟ್ಟಿದ್ದರು.

ಮಾರ್ಕೆಟ್ಟಿನ ಹಿಂದಿನ ಮನೆಯ ಮುಂದೆ ಮಲಗಿಸಿದ್ದೆವು. ಬಿಸಿಲು ಇಳಿಯುವ ಹೊತ್ತಿಗೆ ಓಬುಳೇಶನ ಹಿಂದೆ ಸರೋಜ ಓಡೋಡಿ ಬಂದಳು. ಉದ್ದ ಕಾಲು, ಥೇಟು ಅಪ್ಪನ ನಡಿಗೆ. ಕೈಯಲ್ಲಿ ರಾತ್ರಿ ಉಳಿಯಲು ಬಟ್ಟೆ ತುಂಬಿದ ಚೀಲವಿತ್ತು. ಜನರನ್ನು ಕಂಡು ಅಲ್ಲೇ ನಿಂತಳು. ಆಮೇಲೆ ಹತ್ತಿರ ಬಂದು, ತಲೆಯ ಬಳಿ ಕೂತು, ಮುಷ್ಟಿ ಬಿಚ್ಚಿದಳು. ಬೀಜದ ಎರಡೂ ಮಗ್ಗುಲು ಬೆಳ್ಳಗಿದ್ದವು. ಅದನ್ನು ಅವರ ಅಂಗೈಯಲ್ಲಿಟ್ಟು, ಸೆಟೆದ ಬೆರಳುಗಳನ್ನು ಒಂದೊಂದಾಗಿ ಮಡಚಲು ನೋಡಿದಳು.

“ಎರಡ್ನೇದು ತಡ ಆಯ್ತು ಕಣಪ್ಪಾ,” ಎಂದಳು.